ಹನ್ನೆರಡನೆಯ ಆಟಗಾರನ ಸಂಬಳ

2015ರ ಜೂನ್ 25ರ ರಾತ್ರಿ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗಾದ ಎನ್‌ಬಿಎಯ ತಂಡಗಳು ಆ ವರ್ಷದ ಹೊಸ ಆಟಗಾರರನ್ನು ಸರದಿಯ ಪ್ರಕಾರ ಆರಿಸಿಕೊಳ್ಳುತ್ತಿದ್ದವು. 52ನೆಯ ಸರದಿ ಡಲ್ಲಾಸ್ ಮಾವೆರಿಕ್ಸ್ ತಂಡದ್ದು. ಅದು ಕರೆದ ಹೆಸರು ಸತ್ನಾಮ್ ಸಿಂಗ್ ಭಮಾರಾ. ಪಂಜಾಬಿನ ಬಲ್ಲೋಕೆ ಎಂಬ ಪುಟ್ಟ ಹಳ್ಳಿಯ ರೈತನ ಮಗ, 7 ಅಡಿ 2 ಇಂಚಿನ ಎತ್ತರ, 19ರ ಹರೆಯ. ಎನ್‌ಬಿಎ ತಂಡವೊಂದು ಹೀಗೆ ಆರಿಸಿಕೊಂಡ ಮೊದಲ ಭಾರತೀಯ ಅವನೇ. ಮರುದಿನ ದೇಶದ ಪತ್ರಿಕೆಗಳೆಲ್ಲ ಸುದ್ದಿ ಮಾಡಿದವು. ಮುಂದೆ ಅವನ ಮೇಲೆ ಸಾಕ್ಷ್ಯಚಿತ್ರವೂ ಬಂತು.

ಆಮೇಲಿನ ಕಥೆ ಕೇಳಿದವರು ಕಡಿಮೆ. ಸತ್ನಾಮ್ ಎನ್‌ಬಿಎಯ ಒಂದೇ ಒಂದು ಲೀಗ್ ಪಂದ್ಯವನ್ನೂ ಆಡಲಿಲ್ಲ. ಕೆಳಹಂತದ ಲೀಗಿನ ಟೆಕ್ಸಸ್ ಲೆಜೆಂಡ್ಸ್ ತಂಡದಲ್ಲಿದ್ದಾಗಲೂ ಹೆಚ್ಚಿನ ಹೊತ್ತು ಬೆಂಚಿನ ಮೇಲೆಯೇ ಕಳೆದ. 2018-19ರಲ್ಲಿ ಕೆನಡಾದ ಸೇಂಟ್ ಜಾನ್ಸ್ ಎಡ್ಜ್ ತಂಡ ಸೇರಿಕೊಂಡ. 2020ರ ಡಿಸೆಂಬರಿನಲ್ಲಿ ನಿಷೇಧಿತ ಮದ್ದಿನ ಪ್ರಕರಣದಲ್ಲಿ ರಾಷ್ಟ್ರೀಯ ಉದ್ದೀಪನ ಮದ್ದು ತಡೆ ಸಂಸ್ಥೆ ನಾಡಾ ಅವನಿಗೆ 2 ವರ್ಷಗಳ ನಿಷೇಧ ಹೇರಿತು. ಅದಾದ ಮೇಲೆ ಅವನು ಬ್ಯಾಸ್ಕೆಟ್‌ಬಾಲ್ ಬಿಟ್ಟು ಅಮೆರಿಕದ ವೃತ್ತಿಪರ ಕುಸ್ತಿಯ ಕಂಪನಿಯೊಂದನ್ನು ಸೇರಿದ. ಚರಿತ್ರೆ ಬರೆದ ಹುಡುಗನಿಗೂ ಆ ಆಟ ಹತ್ತು ವರ್ಷ ಅನ್ನ ಹಾಕಲಿಲ್ಲ.

ಇದನ್ನು ಒಬ್ಬ ವ್ಯಕ್ತಿಯ ಸೋಲು ಎಂದು ಓದಿ ಮುಗಿಸಿಬಿಡಬಹುದು. ನನಗೆ ಅದರಲ್ಲಿ ಬೇರೊಂದು ಪ್ರಶ್ನೆ ಕಾಣುತ್ತದೆ. ಅಂತರರಾಷ್ಟ್ರೀಯ ಬ್ಯಾಸ್ಕೆಟ್‌ಬಾಲಿನಲ್ಲಿ ಒಂದು ತಂಡಕ್ಕೆ 12 ಆಟಗಾರರು. ಅಂಕಣದಲ್ಲಿ ಇರುವವರು 5 ಜನ. ಜಾಹೀರಾತು, ಪ್ರಶಸ್ತಿ, ಸನ್ಮಾನದ ಶಾಲು ಒಬ್ಬರಿಗೋ ಇಬ್ಬರಿಗೋ ಸಿಗುತ್ತವೆ. ಆ ಒಬ್ಬರಿಬ್ಬರನ್ನು ನೋಡಿ ಆಟದ ಸ್ಥಿತಿಗತಿ ಅಳೆಯುವ ಅಭ್ಯಾಸ ನಮಗಿದೆ. ಅಳೆಯಬೇಕಾದ್ದು ಹನ್ನೆರಡನೆಯವರನ್ನು. ಹೆಸರು ಕೇಳಿದರೆ ಯಾರೂ ಗುರುತು ಹಿಡಿಯದ ಆ ವೃತ್ತಿಪರ ಆಟಗಾರ ಬಾಡಿಗೆ ಹೇಗೆ ಕಟ್ಟುತ್ತಾನೆ, ಮಂಡಿ ಉಳುಕಿದರೆ ಆಸ್ಪತ್ರೆಯ ಬಿಲ್ಲು ಯಾರು ಕೊಡುತ್ತಾರೆ, 34ರ ವಯಸ್ಸಿಗೆ ಬೂಟು ಕಳಚಿದ ಮೇಲೆ ಎಲ್ಲಿಗೆ ಹೋಗುತ್ತಾನೆ? ಇದಕ್ಕೆ ಉತ್ತರ ಇಲ್ಲದ ಕಡೆ ಆ ಆಟ ಇನ್ನೂ ಕಸುಬು ಆಗಿಲ್ಲ ಎಂದೇ ಅರ್ಥ. ಚಾಮರಾಜನಗರ ಜಿಲ್ಲೆಯ ಕೊಳ್ಳೇಗಾಲ, ಹನೂರು, ಯಳಂದೂರಿನಂಥ ಊರುಗಳ ಮಟ್ಟಿಗಂತೂ ಈ ಉತ್ತರವೇ ಎಲ್ಲವನ್ನೂ ತೀರ್ಮಾನಿಸುತ್ತದೆ. ಅಲ್ಲಿನ ಅಪ್ಪ ಅಮ್ಮ ಮಗಳನ್ನು ಅಂಕಣಕ್ಕೆ ಕಳಿಸುವಾಗ ತಾರೆಯ ಕನಸನ್ನು ನಂಬಿ ಕಳಿಸುವವರಲ್ಲ. ‘ಆಡಿದರೆ ಏನು ಸಿಗುತ್ತೆ?’ ಎಂದೇ ಕೇಳುತ್ತಾರೆ. ಕೇಳಬೇಕಾದ ಪ್ರಶ್ನೆಯೂ ಅದೇ.

ನಮ್ಮ ದೇಶದಲ್ಲಿ ಇದುವರೆಗೆ ಈ ಪ್ರಶ್ನೆಗೆ ಉತ್ತರ ಕೊಟ್ಟಿದ್ದು ಲೀಗುಗಳಲ್ಲ, ಕಚೇರಿಗಳು. ಚೆನ್ನೈನ ಅನಿತಾ ಪಾಲ್‌ದುರೈ 19ನೆಯ ವಯಸ್ಸಿಗೇ ಭಾರತ ತಂಡದ ನಾಯಕಿಯಾದವರು. 2021ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಕ್ರಿಕೆಟಿನಲ್ಲಿ ಅಂಥ ಸಾಧನೆ ಮಾಡಿದವರ ಮುಖ ಸೋಪಿನ ಪೊಟ್ಟಣದ ಮೇಲೆ ಇರುತ್ತಿತ್ತು. ಅನಿತಾ ಅವರನ್ನು ರಸ್ತೆಯಲ್ಲಿ ಗುರುತಿಸುವವರು ವಿರಳ. ಇಷ್ಟು ಕಾಲ ಅವರ ಬದುಕಿಗೆ ಆಧಾರವಾಗಿದ್ದು ದಕ್ಷಿಣ ರೈಲ್ವೆಯ ನೌಕರಿ. ಕೇರಳದ ಗೀತು ಅನ್ನಾ ಜೋಸ್ ಆಸ್ಟ್ರೇಲಿಯಾದ ರಿಂಗ್‌ವುಡ್ ಹಾಕ್ಸ್ ತಂಡಕ್ಕೆ ಆಡಿ ಬಂದವರು. 2011ರಲ್ಲಿ ಅಮೆರಿಕದ ಮಹಿಳಾ ಲೀಗಿನ ತಂಡಗಳ ಆಯ್ಕೆ ಪರೀಕ್ಷೆಯವರೆಗೂ ಹೋದರು. ಅವರಿಗೂ ಊರಿನಲ್ಲಿ ನೆಲೆ ಕೊಟ್ಟಿದ್ದು ರೈಲ್ವೆಯೇ. ರಾಷ್ಟ್ರೀಯ ಮಹಿಳಾ ಬ್ಯಾಸ್ಕೆಟ್‌ಬಾಲಿನಲ್ಲಿ ರೈಲ್ವೆ ತಂಡ ದಶಕಗಳಿಂದ ಮೇಲುಗೈ ಸಾಧಿಸಿರುವುದರ ಗುಟ್ಟು ಇಲ್ಲಿದೆ. ದೇಶದಲ್ಲಿ ಆಟಗಾರ್ತಿಗೆ ತಿಂಗಳ ಸಂಬಳ ಖಾತ್ರಿ ಇದ್ದ ದೊಡ್ಡ ಮನೆ ಅದು.

ಬೆಂಗಳೂರಿನ ಗಂಡು ಹುಡುಗರಿಗೆ ಇಂಥ ಆಸರೆ ವಿಜಯಾ ಬ್ಯಾಂಕ್ ಆಗಿತ್ತು. 1931ರಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಆ ಬ್ಯಾಂಕಿನ ಬ್ಯಾಸ್ಕೆಟ್‌ಬಾಲ್ ತಂಡ ರಾಜ್ಯದ ಪ್ರಬಲ ತಂಡಗಳಲ್ಲಿ ಒಂದಾಗಿತ್ತು. ಬೆಳಿಗ್ಗೆ ಅಭ್ಯಾಸ, ಹಗಲು ಕೌಂಟರ್, ಸಂಜೆ ಮತ್ತೆ ಅಭ್ಯಾಸ ಎಂಬ ದಿನಚರಿಯಲ್ಲಿ ಬ್ಯಾಂಕಿನ ಆಟಗಾರ ಬದುಕು ಕಟ್ಟಿಕೊಳ್ಳುತ್ತಿದ್ದ. 2019ರ ಏಪ್ರಿಲ್ 1ರಂದು ವಿಜಯಾ ಬ್ಯಾಂಕ್, ಬ್ಯಾಂಕ್ ಆಫ್ ಬರೋಡಾದಲ್ಲಿ ವಿಲೀನವಾಯಿತು. ವಿಲೀನದ ಲೆಕ್ಕಪತ್ರಗಳಲ್ಲಿ ಶಾಖೆ, ಠೇವಣಿ, ಸಾಲ ಎಲ್ಲಕ್ಕೂ ಕಾಲಂ ಇರುತ್ತದೆ. ಎರಡು ಕ್ರೀಡಾ ತಂಡಗಳ ಜಾಗದಲ್ಲಿ ಒಂದು ಉಳಿದರೆ ಮುಂದಿನ ತಲೆಮಾರಿನ ಎಷ್ಟು ಹುಡುಗರಿಗೆ ನೌಕರಿ ತಪ್ಪುತ್ತದೆ ಎಂಬುದಕ್ಕೆ ಕಾಲಂ ಇರುವುದಿಲ್ಲ.

ಖಾಸಗಿ ಲೀಗುಗಳು ಈ ಕೊರತೆ ತುಂಬುತ್ತವೆ ಎಂದು ನಂಬಿದ್ದವರಿದ್ದರು. 2015ರಲ್ಲಿ ಯುಬಿಎ ಲೀಗ್ ಶುರುವಾಯಿತು. ನಮ್ಮದೂ ಬೆಂಗಳೂರು ಬೀಸ್ಟ್ ಎಂಬ ತಂಡ ಅದರಲ್ಲಿತ್ತು. ನಾಲ್ಕು ಋತು ಆಡಿಸಿ 2017ರಲ್ಲಿ ಅದು ನಿಂತಿತು. 2018ರಲ್ಲಿ ಮೂವರು ಮೂವರ ಆಟದ 3ಬಿಎಲ್ ಬಂತು. ಅದರಲ್ಲಿ ಬೆಂಗಳೂರು ಮಚಾಸ್ ತಂಡವಿತ್ತು. ಐಎನ್‌ಬಿಎಲ್ ಹೆಸರಿನ ಲೀಗಿನಲ್ಲಿ ಬೆಂಗಳೂರು ಕಿಂಗ್ಸ್ ಇತ್ತು. ಹೆಸರುಗಳು ಬಂದವು, ಹೋದವು. ಪ್ರತಿ ಲೀಗೂ ವರ್ಷಕ್ಕೆ ಕೆಲವು ವಾರಗಳ ಆಟ, ಕೆಲವು ವಾರಗಳ ಹಣ. ಉಳಿದ ತಿಂಗಳುಗಳಿಗೆ ಆಟಗಾರ ಮತ್ತೆ ಅದೇ ಕೌಂಟರಿಗೆ, ಇಲ್ಲವೇ ಶಾಲೆಯೊಂದರ ಅರೆಕಾಲಿಕ ಕೋಚ್ ಕೆಲಸಕ್ಕೆ ಹೋಗಬೇಕು. ಈ ಲೀಗುಗಳು ಬಂದುಹೋದ ಕಾಲದಲ್ಲಿ, 2015ರಿಂದ 2023ರವರೆಗೆ, ಭಾರತೀಯ ಬ್ಯಾಸ್ಕೆಟ್‌ಬಾಲ್ ಒಕ್ಕೂಟದ ಅಧ್ಯಕ್ಷ ಸ್ಥಾನದಲ್ಲಿ ಕರ್ನಾಟಕದವರೇ ಆದ ಕೆ. ಗೋವಿಂದರಾಜ್ ಇದ್ದರು. 2017ರ ಜುಲೈನಲ್ಲಿ ಬೆಂಗಳೂರಿನ ಕಂಠೀರವ ಒಳಾಂಗಣ ಕ್ರೀಡಾಂಗಣದಲ್ಲಿ ನಮ್ಮ ಮಹಿಳೆಯರು ಕಜಕಸ್ತಾನವನ್ನು 75-73ರಿಂದ ಸೋಲಿಸಿ ಏಷ್ಯಾ ಕಪ್‌ನ ‘ಬಿ’ ವಿಭಾಗ ಗೆದ್ದು ಮೇಲಿನ ವಿಭಾಗಕ್ಕೆ ಏರಿದರು. ಎರಡು ಅಂಕಗಳ ಆ ಗೆಲುವಿನ ಬಿಸಿ ಆರುವ ಮುಂಚೆ ಮಹಿಳೆಯರಿಗೆ ವರ್ಷಪೂರ್ತಿಯ ಲೀಗ್ ಹುಟ್ಟಬೇಕಿತ್ತು, ಹುಟ್ಟಲಿಲ್ಲ.

ಅಮೆರಿಕದಲ್ಲೂ ಹನ್ನೆರಡನೆಯವನ ಬದುಕು ಸುಖದ್ದೇನಲ್ಲ. ಎನ್‌ಬಿಎ ತಾರೆಯೊಬ್ಬ ವರ್ಷಕ್ಕೆ ಕೋಟಿಗಟ್ಟಲೆ ಡಾಲರ್ ಎಣಿಸುವಾಗ ಅದರ ಕೆಳಗಿನ ಜಿ ಲೀಗ್ ಆಟಗಾರನಿಗೆ 2018-19ರಲ್ಲಿ ಇದ್ದ ಮೂಲ ಸಂಬಳ ಇಡೀ ಋತುವಿಗೆ 35,000 ಡಾಲರ್. ಆದರೆ ಆ ಮೊತ್ತ ಎಲ್ಲರಿಗೂ ಗೊತ್ತು, ಮುಂಚಿತವಾಗಿ ಗೊತ್ತು, ಮುಂದಿನ ವರ್ಷವೂ ಲೀಗ್ ನಡೆಯುತ್ತದೆ ಎಂಬುದೂ ಗೊತ್ತು. ಅದು ಸಾಲದು ಎನಿಸಿದವನು ಹೊಟ್ಟೆಪಾಡಿಗೆ ಬೇರೆ ದೇಶದ ಲೀಗಿಗೆ ಹೋಗುತ್ತಾನೆ. ಅಮೃತಸರದ ಹತ್ತಿರದ ಹಳ್ಳಿಯ ಅಮೃತ್‌ಪಾಲ್ ಸಿಂಗ್, ಹದಿಹರೆಯದ ಕೊನೆಯಲ್ಲಿ ಚೆಂಡು ಹಿಡಿದ ರೈತನ ಮಗ, ಜಪಾನಿನಲ್ಲಿ ಆಡಿ 2017ರಲ್ಲಿ ಆಸ್ಟ್ರೇಲಿಯಾದ ಸಿಡ್ನಿ ಕಿಂಗ್ಸ್ ತಂಡ ಸೇರಿದ್ದು ಹಾಗೆಯೇ. ಸಂಬಳ ಚಿಕ್ಕದಾದರೂ ಖಾತ್ರಿಯಾಗಿದ್ದರೆ ಕುಟುಂಬ ಲೆಕ್ಕ ಹಾಕಬಲ್ಲದು. ಲೆಕ್ಕ ಹಾಕಲು ಬಾರದ ಕಸುಬಿಗೆ ಬಡವರ ಮನೆಯ ಮಕ್ಕಳು ಇಳಿಯಲಾರರು.

ಈಗ ಈ ಲೆಕ್ಕವನ್ನು ಕೊಳ್ಳೇಗಾಲದಿಂದ ಮಲೆ ಮಹದೇಶ್ವರ ಬೆಟ್ಟದ ಕಡೆಗಿನ ರಸ್ತೆಯಲ್ಲಿ ಇಟ್ಟು ನೋಡೋಣ. ಕೊಳ್ಳೇಗಾಲ 1956ರವರೆಗೆ ಮದ್ರಾಸ್ ರಾಜ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು, ನಂತರ ಮೈಸೂರು ಜಿಲ್ಲೆಗೆ ಬಂತು, 1997ರಿಂದ ಚಾಮರಾಜನಗರ ಜಿಲ್ಲೆಯದಾಯಿತು. ಕೊಳ್ಳೇಗಾಲದಿಂದ ಬೇರ್ಪಟ್ಟು ಹನೂರು ತಾನೇ ತಾಲ್ಲೂಕಾಯಿತು. ಯಾವ ಜಿಲ್ಲೆಗೆ ಸೇರಿದರೂ ಈ ಸೀಮೆ ಅಂಚಿನಲ್ಲೇ ಉಳಿದಿದೆ. ಬ್ಯಾಸ್ಕೆಟ್‌ಬಾಲ್ ಭಾರತದಲ್ಲಿ ಹಬ್ಬಿದ್ದು ವೈಎಂಸಿಎ ಮತ್ತು ಮಿಷನ್ ಶಾಲೆಗಳ ದಾರಿಯಲ್ಲಿ. 1920ರಲ್ಲಿ ಹ್ಯಾರಿ ಕ್ರೋ ಬಕ್ ಮದ್ರಾಸಿನಲ್ಲಿ ದೈಹಿಕ ಶಿಕ್ಷಣದ ಕಾಲೇಜು ತೆರೆದ ಮೇಲೆ ಅಲ್ಲಿ ತರಬೇತಾದ ಮೇಷ್ಟ್ರುಗಳು ಹೋದ ಪಟ್ಟಣಗಳಿಗೆಲ್ಲ ಆಟವೂ ಹೋಯಿತು. ಅಂಥ ಮೇಷ್ಟ್ರು ಬಾರದ ಊರಿಗೆ ಆಟವೂ ಬರಲಿಲ್ಲ.

ಜಾಗವಿಲ್ಲ ಎಂಬ ಸಬೂಬು ಇಲ್ಲಿ ನಡೆಯುವುದಿಲ್ಲ. ಬ್ಯಾಸ್ಕೆಟ್‌ಬಾಲ್ ಅಂಕಣದ ಅಳತೆ 28 ಮೀಟರ್ ಉದ್ದ, 15 ಮೀಟರ್ ಅಗಲ. ಖೋ-ಖೋ ಅಂಕಣ 27 ಮೀಟರ್ ಉದ್ದ, 16 ಮೀಟರ್ ಅಗಲ. ಒಂದರ ಮೇಲೊಂದು ಇಟ್ಟರೆ ಹೆಚ್ಚುಕಮ್ಮಿ ಒಂದೇ. ಹಳ್ಳಿ ಶಾಲೆಯಲ್ಲಿ ಖೋ-ಖೋಗೆ ಸುಣ್ಣದ ಪುಡಿಯಲ್ಲಿ ಗೆರೆ ಎಳೆದು, ಎರಡು ಕಡೆ ಮರದ ಕಂಬ ನೆಟ್ಟರೆ ಮುಗಿಯಿತು. ಬರಿಗಾಲಲ್ಲಿ ಆಡಬಹುದು. ಬ್ಯಾಸ್ಕೆಟ್‌ಬಾಲ್ ಚೆಂಡು ಮಣ್ಣಿನಲ್ಲಿ ಸರಿಯಾಗಿ ಪುಟಿಯುವುದಿಲ್ಲ, ಸಿಮೆಂಟ್ ನೆಲ ಬೇಕು. 3.05 ಮೀಟರ್ ಎತ್ತರದಲ್ಲಿ ರಿಂಗು ಅಲುಗಾಡದಂತೆ ನಿಲ್ಲಬೇಕು. ಸಿಮೆಂಟಿನ ಮೇಲೆ ಬರಿಗಾಲಲ್ಲಿ ಓಡಿದರೆ ಪಾದ ಸುಲಿಯುತ್ತದೆ, ಬೂಟು ಬೇಕು. ಒಂದು ಮೈದಾನ, ಎರಡು ಆಟ. ವ್ಯತ್ಯಾಸವಿರುವುದು ಜಲ್ಲಿ, ಸಿಮೆಂಟ್, ಹತ್ತು ಜೊತೆ ಬೂಟಿನಲ್ಲಿ.

ಎರಡನೆಯ ತೊಡಕು ಕ್ರೀಡಾಕೂಟದ ಏಣಿ. ಶಾಲಾ ಕ್ರೀಡಾಕೂಟ ಹೋಬಳಿ, ತಾಲ್ಲೂಕು, ಜಿಲ್ಲೆ, ವಿಭಾಗ, ರಾಜ್ಯ ಎಂದು ಮೇಲೇರುತ್ತದೆ. ರಾಮಾಪುರ, ಲೊಕ್ಕನಹಳ್ಳಿ, ಅಗರದಂಥ ಹೋಬಳಿಗಳಲ್ಲಿ ಕಬಡ್ಡಿ, ಖೋ-ಖೋ, ವಾಲಿಬಾಲ್, ಥ್ರೋಬಾಲಿಗೆ ಶಾಲೆ ಶಾಲೆಗಳ ನಡುವೆ ಪೈಪೋಟಿ ಇರುತ್ತದೆ. ಬ್ಯಾಸ್ಕೆಟ್‌ಬಾಲ್ ಅಲ್ಲಿ ಕಾಣುವುದು ಅಪರೂಪ. ಕೆಳಗಿನ ಮೆಟ್ಟಿಲೇ ಇಲ್ಲದ ಆಟಕ್ಕೆ ಪಿ.ಟಿ. ಮೇಷ್ಟ್ರು ತಂಡ ಕಟ್ಟುವುದಾದರೂ ಏಕೆ? ಪಿ.ಟಿ. ಮೇಷ್ಟ್ರೇ ಇಲ್ಲದ ಶಾಲೆಗಳ ಮಾತು ಬೇರೆ. ಇರುವ ಕಡೆಯೂ ಚುನಾವಣೆ, ಗಣತಿ, ಬಿಸಿಯೂಟದ ಲೆಕ್ಕ ಎಂದು ಅವರ ಸಂಜೆಗಳು ಕರಗುತ್ತವೆ. ಸಂಜೆ ಅಭ್ಯಾಸ ಮಾಡಿಸಿದರೂ ಹನೂರಿನಾಚೆಯ ಹಳ್ಳಿಗೆ ಕೊನೆಯ ಬಸ್ಸು ಹೊರಡುವ ಮುಂಚೆ ಮಕ್ಕಳನ್ನು ಬಿಡಲೇಬೇಕು. ಮಹದೇಶ್ವರ ಬೆಟ್ಟದಿಂದ ಹನೂರಿಗೇ ಸುಮಾರು 50 ಕಿಲೋಮೀಟರ್, ಕಾಡಿನ ತಿರುವುಗಳ ರಸ್ತೆ. ಇನ್ನು ರೈಲ್ವೆ ತಂಡದ ಕನಸು ಕಾಣಬೇಕಾದ ಕೊಳ್ಳೇಗಾಲಕ್ಕೆ ಇವತ್ತಿಗೂ ರೈಲಿನ ಹಳಿಯೇ ಬಂದಿಲ್ಲ.

ಹಾಗಾದರೆ ಈ ಸೀಮೆಯಲ್ಲಿ ಬ್ಯಾಸ್ಕೆಟ್‌ಬಾಲ್ ಇಲ್ಲವೇ? ಇದೆ, ಆದರೆ ನಾವು ನೋಡುವ ಕಡೆ ಅಲ್ಲ. ಲೊಕ್ಕನಹಳ್ಳಿ ಹೋಬಳಿಯ ಒಡೆಯರಪಾಳ್ಯದ ಪಕ್ಕ ಧೊಂಡೆನ್‌ಲಿಂಗ್ ಎಂಬ ಟಿಬೆಟನ್ ನೆಲೆ ಇದೆ. 1970ರ ದಶಕದ ಮೊದಲರ್ಧದಲ್ಲಿ ಶುರುವಾದದ್ದು. ಜೋಳದ ಹೊಲಗಳ ನಡುವೆ ಇಂಗ್ಲಿಷ್ ಅಕ್ಷರಗಳ ಹೆಸರಿಟ್ಟ ಹಳ್ಳಿಗಳು, ಜೋಗ್‌ಚೆನ್ ಮಠ, ಚಳಿಗಾಲದಲ್ಲಿ ಊರೂರಿಗೆ ಸ್ವೆಟರ್ ಮಾರಲು ಹೋಗುವ ಸಂಸಾರಗಳು. ಬೈಲಕುಪ್ಪೆ, ಮುಂಡಗೋಡ, ಒಡೆಯರಪಾಳ್ಯ ಯಾವುದೇ ಇರಲಿ, ಟಿಬೆಟನ್ನರ ನೆಲೆಗಳಲ್ಲಿ ಬ್ಯಾಸ್ಕೆಟ್‌ಬಾಲ್ ಮನೆಮಾತು. ಆದರೆ ಅಲ್ಲಿ ಚೆನ್ನಾಗಿ ಆಡುವ ಹುಡುಗನ ಮುಂದೆ ಬೇರೆಯದೇ ಗೋಡೆ ಇದೆ. ಭಾರತದ ತಂಡಕ್ಕೆ ಆಡಲು ಭಾರತದ ಪಾಸ್‌ಪೋರ್ಟ್ ಬೇಕು. 1950ರ ಜನವರಿ 26ರಿಂದ 1987ರ ಜುಲೈ 1ರ ನಡುವೆ ಇಲ್ಲಿ ಹುಟ್ಟಿದವರು ಜನ್ಮತಃ ಪೌರರು. ಇಂದಿನ ಹದಿಹರೆಯದವರಿಗೆ ಆ ದಾರಿ ನೇರವಾಗಿಲ್ಲ. ಟಿಬೆಟನ್ನರಿಗೆ ಕೊಡುವ ನೋಂದಣಿ ಪತ್ರ ಮಾತ್ರ ಇರುವವನಿಗೆ ರೈಲ್ವೆಯ ಕ್ರೀಡಾ ಕೋಟಾವೂ ದೂರ, ಭಾರತದ ಅಂಗಿಯೂ ದೂರ. ಒಂದೇ ಹೋಬಳಿಯಲ್ಲಿ ಒಂದು ಕಡೆ ಆಟವಿದ್ದು ಅವಕಾಶವಿಲ್ಲ, ಇನ್ನೊಂದು ಕಡೆ ಅವಕಾಶದ ಹಕ್ಕಿದ್ದು ಆಟವಿಲ್ಲ. ಹೋಬಳಿ ಮಟ್ಟದಲ್ಲಿ ಇವೆರಡೂ ಒಂದೇ ಅಂಕಣದಲ್ಲಿ ಭೇಟಿಯಾಗುವಂತೆ ಮಾಡಲು ಪಾಸ್‌ಪೋರ್ಟ್ ಬೇಕಿಲ್ಲ. ಒಂದು ಟೂರ್ನಿ ಸಾಕು.

ಇಲ್ಲೊಂದು ಆಕ್ಷೇಪ ಬರುತ್ತದೆ: ಬ್ಯಾಸ್ಕೆಟ್‌ಬಾಲ್ ಎತ್ತರದವರ ಆಟ, ಪಟ್ಟಣದ ಆಟ. ನಮ್ಮ ನೆಲದ ಖೋ-ಖೋ, ಕಬಡ್ಡಿ ಇರುವಾಗ ಅದರ ಗೊಡವೆ ಏಕೆ? ಆಕ್ಷೇಪದಲ್ಲಿ ಸತ್ಯಾಂಶವಿದೆ. ಕೊಳ್ಳೇಗಾಲದ ನೆರೆಯ ತಿರುಮಕೂಡಲು ನರಸೀಪುರ ತಾಲ್ಲೂಕಿನ ಕುರುಬೂರಿನ ಬಿ. ಚೈತ್ರಾ 2025ರ ಜನವರಿಯಲ್ಲಿ ದೆಹಲಿಯಲ್ಲಿ ನಡೆದ ಮೊದಲ ಖೋ-ಖೋ ವಿಶ್ವಕಪ್ ಗೆದ್ದ ಭಾರತದ ಮಹಿಳಾ ತಂಡದಲ್ಲಿದ್ದರು. ಫೈನಲಿನಲ್ಲಿ ನೇಪಾಳದ ಎದುರು 78-40ರ ಗೆಲುವು. ಹಳ್ಳಿಯ ಅಂಗಳದಿಂದ ವಿಶ್ವಕಪ್‌ಗೆ ದಾರಿ ಇದೆ ಎಂಬುದಕ್ಕೆ ಇದಕ್ಕಿಂತ ಹತ್ತಿರದ ಸಾಕ್ಷಿ ಬೇಡ.

ಆದರೆ ಅದರ ನಂತರ ನಡೆದದ್ದನ್ನೂ ನೆನೆಯಬೇಕು. ರಾಜ್ಯ ಸರ್ಕಾರ ಚೈತ್ರಾ ಅವರಿಗೂ ಪುರುಷರ ತಂಡದಲ್ಲಿದ್ದ ಎಂ.ಕೆ. ಗೌತಮ್ ಅವರಿಗೂ ತಲಾ 5 ಲಕ್ಷ ರೂಪಾಯಿ ಘೋಷಿಸಿತು. ಇಬ್ಬರೂ ಅದನ್ನು ನಿರಾಕರಿಸಿದರು. ಮಹಾರಾಷ್ಟ್ರ ತನ್ನ ಆಟಗಾರರಿಗೆ 2.25 ಕೋಟಿ ರೂಪಾಯಿ ಮತ್ತು ಸರ್ಕಾರಿ ಹುದ್ದೆ ಕೊಡುತ್ತಿದೆ ಎಂಬುದು ಅವರ ಮಾತು. ಬಹಳ ಜನ ಇದನ್ನು ದುಡ್ಡಿನ ಜಗಳ ಎಂದು ಓದಿದರು. ಅದರಲ್ಲಿ ಮುಖ್ಯವಾದದ್ದು ಹುದ್ದೆ. ವಿಶ್ವಕಪ್ ಗೆದ್ದವರೇ ನೌಕರಿಗಾಗಿ ಕೇಳಿಕೊಳ್ಳಬೇಕಾದ ಆಟದಲ್ಲಿ ರಾಜ್ಯ ತಂಡದ ಹನ್ನೆರಡನೆಯ ಹುಡುಗಿಯ ಗತಿ ಏನು? ಆಟ ಯಾವುದೇ ಇರಲಿ, ಪ್ರಶ್ನೆ ಒಂದೇ. ಬ್ಯಾಸ್ಕೆಟ್‌ಬಾಲ್ ಬಿಟ್ಟು ಖೋ-ಖೋ ಆಡಿಸಿದರೆ ಅದು ಬಗೆಹರಿಯುವುದಿಲ್ಲ.

ಎತ್ತರದ ಮಾತಿಗೆ ಉತ್ತರ ಮೂವರ ಆಟದಲ್ಲಿದೆ. ಟೋಕಿಯೊ ಒಲಿಂಪಿಕ್ಸ್‌ನಿಂದ 3x3 ಬ್ಯಾಸ್ಕೆಟ್‌ಬಾಲ್ ಒಲಿಂಪಿಕ್ ಆಟ. ಅರ್ಧ ಅಂಕಣ, ಒಂದೇ ರಿಂಗು, ತಂಡಕ್ಕೆ ನಾಲ್ವರು, ಹತ್ತು ನಿಮಿಷ ಅಥವಾ 21 ಅಂಕ. ಇಲ್ಲಿ ಎತ್ತರದಷ್ಟೇ ಚುರುಕು ನಡೆಯುತ್ತದೆ. ಖೋ-ಖೋ ಆಡಿದ ಕಾಲುಗಳಿಗೆ ತಟ್ಟನೆ ತಿರುಗುವುದು, ಎದುರಾಳಿಯನ್ನು ಏಮಾರಿಸಿ ನುಸುಳುವುದು ಕಲಿಸಬೇಕಾಗಿಲ್ಲ. ಇಡೀ ಅಂಕಣದ ಖರ್ಚಿನ ಅರ್ಧಕ್ಕೆ ಶಾಲೆಗೊಂದು ರಿಂಗು ಬರುತ್ತದೆ.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿ. ಕಾಡಂಚಿನ ಹಳ್ಳಿಗಳಿಗೆ ರಸ್ತೆ, ಕುಡಿಯುವ ನೀರು, ಆಂಬುಲೆನ್ಸ್ ಸರಿಯಾಗಿ ಇಲ್ಲದಿರುವಾಗ ಅಂಕಣಕ್ಕೆ ಹಣ ಹಾಕುವುದು ಎಷ್ಟು ಸರಿ? ರಸ್ತೆ ಮೊದಲು ಎಂಬುದರಲ್ಲಿ ನನಗೆ ತಕರಾರಿಲ್ಲ. ಆದರೆ ಅಂಕಣದ ಹಣ ಇಲ್ಲಿ ಉಳಿಸಿದರೆ ಅದು ರಸ್ತೆಗೆ ಹೋಗುತ್ತದೆ ಎಂದು ಯಾರೂ ಭರವಸೆ ಕೊಟ್ಟಿಲ್ಲ. ಕ್ರೀಡೆಯ ಅನುದಾನ ಕ್ರೀಡೆಗೇ ಬರುತ್ತದೆ, ಬಂದದ್ದು ಜಿಲ್ಲಾ ಕೇಂದ್ರದ ಒಂದು ದೊಡ್ಡ ಕ್ರೀಡಾಂಗಣಕ್ಕೂ ಗೆದ್ದು ಬಂದವರ ಸನ್ಮಾನಕ್ಕೂ ಹೋಗುತ್ತದೆ. ಅದೇ ಹಣ ಹೋಬಳಿಗೆ ಇಳಿಯಬೇಕು ಎಂಬುದಷ್ಟೇ ವಾದ.

ಮೂರನೆಯದು ಕ್ರೀಡಾ ಕೋಟಾದ ಟೀಕೆ. ನೌಕರಿ ಸಿಕ್ಕ ಕೂಡಲೇ ಆಟಗಾರ ಸೋಮಾರಿಯಾಗುತ್ತಾನೆ, ಕೋಟಾ ಪದಕ ತರುವುದಿಲ್ಲ ಎನ್ನುತ್ತಾರೆ. ಕೆಲವರ ಮಟ್ಟಿಗೆ ನಿಜವಿರಬಹುದು. ಆದರೆ ಕೋಟಾ ತೆಗೆದರೆ ಉಳಿಯುವವರು ಯಾರು? ಅಪ್ಪನ ದುಡ್ಡಿನಲ್ಲಿ 30 ವರ್ಷದವರೆಗೆ ಆಡಬಲ್ಲವರು ಮಾತ್ರ. ಬೆಂಗಳೂರಿನ ಕ್ಲಬ್ಬಿನ ಹುಡುಗನಿಗೆ ಅದು ಸಾಧ್ಯ. ಯಳಂದೂರಿನ ರೇಷ್ಮೆ ಬೆಳೆಗಾರನ ಮಗನಿಗೆ ಅಲ್ಲ. ಸೋಮಾರಿತನಕ್ಕೆ ಮದ್ದು ನೌಕರಿ ಕಿತ್ತುಕೊಳ್ಳುವುದಲ್ಲ, ವರ್ಷಪೂರ್ತಿ ಆಡಲು ಪಂದ್ಯ ಕೊಡುವುದು.

ಸತ್ನಾಮ್ ಕಥೆಗೆ ಮತ್ತೆ ಬಂದರೆ ಅದರ ಆರಂಭದಲ್ಲಿ ನಮಗೆ ಬೇಕಾದ ಪಾಠವಿದೆ. ಅವನ ತಂದೆ ಬಲ್ಬೀರ್ ಸಿಂಗ್ ತಾವೂ 7 ಅಡಿಗೆ ಮೀರಿದವರು. ಅವರಿಗೂ ಆಡುವ ಆಸೆ ಇತ್ತು, ಹೊಲದ ಕೆಲಸ ಬಿಡಲಿಲ್ಲ. ಮಗನಿಗೆ ದಾರಿ ತೆರೆದದ್ದು ಲೂಧಿಯಾನಾದ ಅಕಾಡೆಮಿ. ಅಲ್ಲಿ ಊಟ, ವಸತಿ, ದಿನವೂ ಅಭ್ಯಾಸ, ಜೊತೆಗೆ ಎಸ್. ಸುಬ್ರಮಣಿಯನ್ ಎಂಬ ಕೋಚ್. ಅಪ್ಪನಿಗೂ ಮಗನಿಗೂ ಮೈಯೆತ್ತರ ಹೆಚ್ಚುಕಮ್ಮಿ ಒಂದೇ. ವ್ಯತ್ಯಾಸ ಮಾಡಿದ್ದು ಒಂದು ಹಾಸ್ಟೆಲ್ಲು, ಒಬ್ಬ ಮೇಷ್ಟ್ರು. ಪಂಜಾಬಿನ ಹಳ್ಳಿಗಳಿಂದ ಸಾಲಾಗಿ ಬ್ಯಾಸ್ಕೆಟ್‌ಬಾಲ್ ಆಟಗಾರರು ಬಂದಿರುವುದು ಮೈಕಟ್ಟಿನ ಪವಾಡವಷ್ಟೇ ಅಲ್ಲ, ಊಟ ಹಾಕಿದ ಅಕಾಡೆಮಿಯ ಫಲ.

ಹಾಗಾಗಿ ಕೊಳ್ಳೇಗಾಲ, ಹನೂರು, ಯಳಂದೂರು ಈ ಮೂರು ತಾಲ್ಲೂಕುಗಳಿಗೆ ಕೇಳಬೇಕಾದ್ದು ಸ್ಪಷ್ಟವಿದೆ. ಹೋಬಳಿಗೊಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಸಿಮೆಂಟಿನ ಅರ್ಧ ಅಂಕಣ ಮತ್ತು ರಿಂಗು. ಹೋಬಳಿ ಮಟ್ಟದಿಂದಲೇ 3x3 ಪಂದ್ಯ, ಅದರಲ್ಲಿ ಒಡೆಯರಪಾಳ್ಯದ ಟಿಬೆಟನ್ ಮಕ್ಕಳಿಗೂ ಜಾಗ. ಕೊಳ್ಳೇಗಾಲದಲ್ಲಿ ಹುಡುಗಿಯರಿಗೂ ಹುಡುಗರಿಗೂ ಕ್ರೀಡಾ ವಸತಿ ನಿಲಯ, ಕೊನೆಯ ಬಸ್ಸಿನ ಹೆದರಿಕೆ ಇಲ್ಲದ ಸಂಜೆಯ ಅಭ್ಯಾಸ. ಕರ್ನಾಟಕದ ಹೆಸರಿಟ್ಟುಕೊಂಡು ಆಡಿಸುವ ಯಾವುದೇ ಖಾಸಗಿ ಲೀಗು ತನ್ನ ಅತಿ ಕಡಿಮೆ ಸಂಬಳ ಎಷ್ಟು, ಗಾಯಕ್ಕೆ ವಿಮೆ ಉಂಟೋ ಇಲ್ಲವೋ ಎಂದು ಬಹಿರಂಗವಾಗಿ ಹೇಳಬೇಕೆಂಬ ಷರತ್ತು. ಹೇಳಲಾಗದಿದ್ದರೆ ಸರ್ಕಾರಿ ಕ್ರೀಡಾಂಗಣ ಬಾಡಿಗೆಗೆ ಇಲ್ಲ.

ಕೊನೆಯದು, ಎಲ್ಲಕ್ಕಿಂತ ಮುಖ್ಯವಾದದ್ದು: ಆಟ ಮುಗಿಸಿದ ಅನಾಮಿಕ ವೃತ್ತಿಪರರಿಗೆ ತಾಲ್ಲೂಕಿನ ಕೋಚ್ ಹುದ್ದೆ, ಗೌರವಧನವಲ್ಲ, ಸಂಬಳ. ತಾರೆ ಆದವರು ಹನೂರಿಗೆ ಬಂದು ನೆಲೆಸುವುದಿಲ್ಲ. ಬರುವುದಿದ್ದರೂ ಒಂದು ದಿನ ಬಂದು ಉದ್ಘಾಟನೆ ಮಾಡಿ ಹೋಗುತ್ತಾರೆ. ಹತ್ತು ವರ್ಷ ಬೆಂಚಿನ ಮೇಲೆ ಕೂತು ಆಟ ನೋಡಿದ, ದೊಡ್ಡ ಕೋಚುಗಳ ಬೈಗುಳ ತಿಂದು ಕಲಿತ, ರೈಲ್ವೆಯಿಂದಲೋ ಬ್ಯಾಂಕಿನಿಂದಲೋ ಹೊರಬಂದ ಹನ್ನೆರಡನೆಯ ಆಟಗಾರ ಬರಬಲ್ಲ, ಇರಬಲ್ಲ, ಕಲಿಸಬಲ್ಲ. ಅವನ ಬದುಕು ಕಟ್ಟುವುದು ಕರುಣೆಯ ಕೆಲಸವಲ್ಲ. ಮುಂದಿನ ಹನ್ನೆರಡು ಜನರನ್ನು ತಯಾರು ಮಾಡಲು ನಮಗಿರುವ ಅಗ್ಗದ ದಾರಿ ಅದೇ. ಮುಂದಿನ ಸಲ ಯಾರೋ ಗೆದ್ದು ಬಂದಾಗ ಎಷ್ಟು ಲಕ್ಷ ಕೊಟ್ಟರು ಎಂದು ಕೇಳುವ ಮುಂಚೆ, ಆ ತಂಡದ ಬೆಂಚಿನಲ್ಲಿದ್ದವರಿಗೆ ತಿಂಗಳಿಗೆ ಎಷ್ಟು ಬರುತ್ತದೆ ಎಂದು ನಮ್ಮ ಶಾಸಕರನ್ನು, ಕ್ರೀಡಾ ಇಲಾಖೆಯನ್ನು ಕೇಳೋಣ.